ಕಾರ್ಡಿನ ಸ್ಟೇಟ್‌ಮೆಂಟಿನಲ್ಲಿ ಗುರುತು ಸಿಗದ ಆ್ಯಪ್ ಚಂದಾ ಕಂಡಾಗ

ಕಳೆದ ಶ್ರಾವಣದಲ್ಲಿ ನನ್ನ ಕ್ರೆಡಿಟ್ ಕಾರ್ಡಿನ ಸ್ಟೇಟ್‌ಮೆಂಟಿನಲ್ಲಿ 1,950 ರೂಪಾಯಿಯ ಒಂದು ಸಾಲು ಬಂದಿತ್ತು. ಮೊದಲು ಗೂಗಲ್ ಎಂಬ ಹೆಸರು, ಅದಕ್ಕೆ ಅಂಟಿಕೊಂಡು ಒಂದು ನಕ್ಷತ್ರದ ಗುರುತು, ಅದರ ಮುಂದೆ ಎಂದೂ ಕೇಳಿರದ ಏಳೆಂಟು ಅಕ್ಷರಗಳ ಒಂದು ಹೆಸರು. ಹುಬ್ಬಳ್ಳಿಯ ದುರ್ಗದಬೈಲಿನ ಆಸುಪಾಸಿನ ಅಂಗಡಿಕಾರರ ಕಿರ್ದಿ, ಖತಾವಣಿಗಳನ್ನು ಬರೆದುಕೊಡುವುದು ನನ್ನ ಉದ್ಯೋಗವಾದ್ದರಿಂದ, ಯಾರ ಲೆಕ್ಕದಲ್ಲಾದರೂ ಗುರುತಿಲ್ಲದ ಸಾಲೊಂದು ಉಳಿದುಕೊಂಡರೆ ನನಗೆ ಸಮಾಧಾನವಿರುವುದಿಲ್ಲ. ಕಾರ್ಡನ್ನು ಬ್ಲಾಕ್ ಮಾಡಿಸಬೇಕೆಂದು ಫೋನ್ ಕೈಗೆತ್ತಿಕೊಂಡಿದ್ದೆ. ಅಷ್ಟರಲ್ಲಿ ಧಾರವಾಡದ ಸಪ್ತಾಪುರದಲ್ಲಿ ಇದ್ದುಕೊಂಡು ಸ್ಪರ್ಧಾತ್ಮಕ ಪರೀಕ್ಷೆಗೆ ಓದುತ್ತಿರುವ ಮಗಳು ತಾನೇ ಕರೆ ಮಾಡಿದಳು. ಮಾತಿನ ನಡುವೆ ಈ ವಿಷಯ ತೆಗೆದಾಗ ಗಂಟು ಬಿಚ್ಚಿಕೊಂಡಿತು. ಅರ್ಜಿಗೆ ಅಂಕಪಟ್ಟಿಗಳನ್ನು ಸ್ಕ್ಯಾನ್ ಮಾಡಲೆಂದು ಆಕೆ ಒಂದು ಆ್ಯಪ್ ಹಾಕಿಕೊಂಡಿದ್ದಳು, ಅದು ಮೂರು ದಿನ ಪುಕ್ಕಟೆ ಎಂದಿತ್ತು. ಆ ಫೋನನ್ನು ಕೊಡಿಸಿದ ದಿನ ನಾನೇ ನನ್ನ ಇಮೇಲ್ ಹಾಕಿ ಚಾಲೂ ಮಾಡಿಕೊಟ್ಟಿದ್ದೆನಾದ್ದರಿಂದ ನನ್ನ ಕಾರ್ಡು ಅದರಲ್ಲಿ ಜೋಡಣೆಯಾಗಿತ್ತು. ಅದೇ ಹೊತ್ತಿಗೆ ನನ್ನ ಫೋನಿಗೆ ಬಂದ ಓಟಿಪಿಯನ್ನು, ಪರೀಕ್ಷೆಯ ಅರ್ಜಿ ಶುಲ್ಕಕ್ಕೆ ಬಂದದ್ದೆಂದು ತಿಳಿದು, ನಾನೇ ಆಕೆಗೆ ಓದಿ ಹೇಳಿದ್ದೆ. "ಅಪ್ಪಾ, ಅರ್ಜಿ ಹಾಕಿದ ದಿನಾನ ಆ ಆ್ಯಪ್ ತೆಗದು ಒಗದೇನಲ್ಲ, ಮತ್ಯಾಕ ರೊಕ್ಕ ಹೋತು?" ಎಂದು ಆಕೆ ಕೇಳಿದಳು.

ಇದೇ ಪ್ರಶ್ನೆಯನ್ನು ನನ್ನ ಬಳಿ ಲೆಕ್ಕ ಬರೆಸುವವರು ತಿಂಗಳಿಗೆ ಒಬ್ಬರಾದರೂ ಕೇಳುತ್ತಾರೆ. ಆ್ಯಪನ್ನು ಫೋನಿನಿಂದ ತೆಗೆದುಹಾಕಿದರೆ ಚಂದಾ ನಿಲ್ಲುವುದಿಲ್ಲ. ಚಂದಾ ಇರುವುದು ಫೋನಿನಲ್ಲಲ್ಲ, ಗೂಗಲ್ ಅಥವಾ ಆ್ಯಪಲ್ ಕಂಪನಿಯಲ್ಲಿರುವ ನಮ್ಮ ಖಾತೆಯಲ್ಲಿ, ಇಲ್ಲವೇ ಆ ಆ್ಯಪಿನ ಕಂಪನಿಯಲ್ಲಿಯೇ ತೆರೆದ ಖಾತೆಯಲ್ಲಿ. ಪತ್ರಿಕೆ ಹಾಕುವ ಹುಡುಗನಿಗೆ ಬೇಡವೆಂದು ಹೇಳದೆ ಮನೆಗೆ ಬೀಗ ಹಾಕಿಕೊಂಡು ಊರಿಗೆ ಹೋದರೂ ಬಿಲ್ಲು ಬರುವಂತೆಯೇ ಇದು.

ಗುರುತಿಲ್ಲದ ಸಾಲು ಕಂಡೊಡನೆ ಕೈಗೆ ಸಿಕ್ಕ ಕ್ರಮ ಕೈಗೊಳ್ಳುವುದಕ್ಕಿಂತ, ಅದು ಯಾವ ಬಗೆಯ ಸಾಲೆಂದು ಮೊದಲು ಬೇರ್ಪಡಿಸಿಕೊಳ್ಳಬೇಕು. ನಾವೇ ಒಪ್ಪಿ ಮರೆತದ್ದೋ, ಮನೆಯವರು ಇಲ್ಲವೇ ನಮ್ಮ ಅಂಗಡಿಯ ಕೆಲಸದವರು ನಮ್ಮ ಕಾರ್ಡಿನ ಮೇಲೆ ಒಪ್ಪಿದ್ದೋ, ಯಾರೋ ಅಪರಿಚಿತರು ಕದ್ದು ಮಾಡಿದ್ದೋ ಎಂಬುದರ ಮೇಲೆ ಮುಂದಿನ ದಾರಿಯೇ ಬೇರೆಯಾಗುತ್ತದೆ. ಮರೆತ ಚಂದಾಕ್ಕೆ ಕಾರ್ಡು ಬ್ಲಾಕ್ ಮಾಡಿಸಿದರೆ ವಿದ್ಯುತ್ ಬಿಲ್ಲು, ವಿಮೆಯ ಕಂತುಗಳಂತಹ ಬೇಕಾದ ಪಾವತಿಗಳೂ ನಿಂತುಹೋಗುತ್ತವೆ. ಕಳ್ಳತನವನ್ನು ಮರೆತ ಚಂದಾವೆಂದು ಭಾವಿಸಿ ಆ್ಯಪ್ ಕಂಪನಿಗೆ ಇಮೇಲ್ ಬರೆಯುತ್ತ ಕುಳಿತರೆ, ಬ್ಯಾಂಕಿಗೆ ತಿಳಿಸಲು ಇರುವ ಬೆಲೆಬಾಳುವ ಮೂರು ದಿನಗಳು ಕಳೆದುಹೋಗುತ್ತವೆ.

ಸಾಲನ್ನು ಓದುವ ಬಗೆ

ಸ್ಟೇಟ್‌ಮೆಂಟಿನಲ್ಲಿ ಆ್ಯಪಿನ ಹೆಸರು ಇರಲೇಬೇಕೆಂದಿಲ್ಲ. ಗೂಗಲ್ ಪ್ಲೇ ಮೂಲಕ ಹಣ ಹೋಗಿದ್ದರೆ ಗೂಗಲ್ ಎಂಬ ಪದದ ಬಳಿಕ ನಕ್ಷತ್ರದ ಗುರುತು ಬಂದು, ಅದರ ಮುಂದೆ ಆ್ಯಪಿನ ಹೆಸರೋ ಅದನ್ನು ತಯಾರಿಸಿದ ಕಂಪನಿಯ ಹೆಸರೋ ಇರುತ್ತದೆ, ಅದೂ ಜಾಗ ಸಾಲದೆ ಅರ್ಧಕ್ಕೆ ತುಂಡಾಗಿರಬಹುದು. ನನ್ನ ಸ್ಟೇಟ್‌ಮೆಂಟಿನಲ್ಲಿದ್ದದ್ದು ತಯಾರಿಸಿದ ಕಂಪನಿಯ ಹೆಸರು, ಮಗಳಿಗೆ ಗೊತ್ತಿದ್ದದ್ದು ಆ್ಯಪಿನ ಹೆಸರು. ಎರಡಕ್ಕೂ ಒಂದೇ ಒಂದು ಅಕ್ಷರದ ಸಂಬಂಧವಿರಲಿಲ್ಲ. ಆ ಹೆಸರನ್ನು ಇದ್ದ ಹಾಗೆಯೇ ಪ್ಲೇ ಸ್ಟೋರ್‌ನಲ್ಲಿ ಹುಡುಕಿದರೆ ಆ ಕಂಪನಿಯ ಆ್ಯಪ್‌ಗಳು ತೋರುತ್ತವೆ, ಅವುಗಳ ಚಿಹ್ನೆ ನೋಡಿದೊಡನೆ ಎಷ್ಟೋ ಸಲ ನೆನಪು ಮರಳುತ್ತದೆ.

ದಿನಾಂಕವನ್ನು ಎರಡು ಸಲ ನೋಡಬೇಕು. ಹಣ ಕಡಿತವಾದ ದಿನ ಮತ್ತು ಅದು ಲೆಕ್ಕಕ್ಕೆ ಬಂದ ದಿನ ಬೇರೆ ಬೇರೆಯಾಗಿರಬಹುದು. ಮೊತ್ತವು ಕಳೆದ ತಿಂಗಳೂ ಅದೇ ಸುಮಾರಿಗೆ ಬಂದಿದೆಯೇ ಎಂದು ಹಿಂದಿನ ಮೂರು ಸ್ಟೇಟ್‌ಮೆಂಟುಗಳನ್ನು ತೆಗೆದು ಹೋಲಿಸಬೇಕು. ಪ್ರತಿ ತಿಂಗಳೂ ಅದೇ ತಾರೀಖಿಗೆ ಅದೇ ಮೊತ್ತ ಹೋಗುತ್ತಿದ್ದರೆ ಅದು ಚಂದಾ. ಒಂದೇ ಸಲ ದೊಡ್ಡ ಮೊತ್ತ ಹೋಗಿದ್ದರೆ ಅದು ವರ್ಷದ ಚಂದಾ ಆಗಿರುವ ಸಾಧ್ಯತೆಯನ್ನು ಮರೆಯಬಾರದು, ಏಕೆಂದರೆ ಪುಕ್ಕಟೆ ದಿನಗಳು ಮುಗಿದ ಮೇಲೆ ತಿಂಗಳ ಬದಲು ವರ್ಷದ ಹಣವನ್ನೇ ಒಮ್ಮೆಗೆ ತೆಗೆದುಕೊಳ್ಳುವ ಆ್ಯಪ್‌ಗಳು ಬಹಳ ಇವೆ. ಒಂದೋ ಎರಡೋ ರೂಪಾಯಿ ಹೋಗಿ ಒಂದೆರಡು ದಿನದಲ್ಲಿ ಮರಳಿ ಬಂದಿದ್ದರೆ, ಅದು ಕಾರ್ಡು ಸರಿಯಾಗಿದೆಯೇ ಎಂದು ನೋಡಲು ಮಾಡಿದ ಪರೀಕ್ಷೆ. ಅದನ್ನು ನಾವೇ ಅಂದು ಎಲ್ಲಿಯಾದರೂ ಕಾರ್ಡು ಜೋಡಿಸಿದ್ದರಿಂದ ಆದದ್ದೆಂದು ಖಚಿತಪಡಿಸಿಕೊಳ್ಳಬೇಕು. ನಾವು ಏನನ್ನೂ ಜೋಡಿಸದೆ ಅಂತಹ ಸಣ್ಣ ಮೊತ್ತ ಹೋಗಿದ್ದರೆ ಅದನ್ನು ಕಳ್ಳನೊಬ್ಬ ಬಾಗಿಲು ತಳ್ಳಿ ನೋಡಿದ ಸದ್ದೆಂದೇ ತಿಳಿಯಬೇಕು.

ಪರದೇಶದ ಕಂಪನಿಯ ಚಂದಾ ಆಗಿದ್ದರೆ ಒಂದು ಸಾಲು ಮೂರಾಗಿ ಕಾಣುತ್ತದೆ. ಗದಗಿನಲ್ಲಿ ಮುದ್ರಣಾಲಯ ನಡೆಸುವ ಪರಿಚಿತರೊಬ್ಬರು ಇದೇ ಕಾರಣಕ್ಕೆ ಗಾಬರಿಯಾಗಿದ್ದರು. ಅವರ ಸ್ಟೇಟ್‌ಮೆಂಟಿನಲ್ಲಿ 1,100 ರೂಪಾಯಿ ಒಂದು ಕಡೆ, 38 ರೂಪಾಯಿ 50 ಪೈಸೆ ಇನ್ನೊಂದು ಕಡೆ, 6 ರೂಪಾಯಿ 93 ಪೈಸೆ ಮತ್ತೊಂದು ಕಡೆ ಇದ್ದವು, ಮೂರು ಕಡೆಯಿಂದ ಹಣ ಸೋರುತ್ತಿದೆ ಎಂದು ಅವರು ತಿಳಿದಿದ್ದರು. ನಿಜದಲ್ಲಿ 1,100 ರೂಪಾಯಿ ವಿನ್ಯಾಸದ ಆ್ಯಪ್ ಒಂದಕ್ಕೆ ಡಾಲರ್‌ನಲ್ಲಿ ಹೋದ ಚಂದಾ. ಅದರ ಮೇಲೆ ವಿದೇಶಿ ವಹಿವಾಟಿಗೆ ಆ ಕಾರ್ಡು ವಿಧಿಸುವ ಶೇಕಡಾ 3.5ರ ಶುಲ್ಕವು 38 ರೂಪಾಯಿ 50 ಪೈಸೆ, ಆ ಶುಲ್ಕದ ಮೇಲೆ ಶೇಕಡಾ 18ರ ಜಿಎಸ್‌ಟಿ 6 ರೂಪಾಯಿ 93 ಪೈಸೆ. ಲಗ್ನಪತ್ರಿಕೆಗಳ ಹಂಗಾಮಿನಲ್ಲಿ ಅವರ ಮುದ್ರಣಾಲಯದ ಹುಡುಗ ಏಳು ದಿನದ ಪುಕ್ಕಟೆ ಅವಧಿಗೆಂದು ಆ ಆ್ಯಪ್ ತೆಗೆದುಕೊಂಡಿದ್ದ. ಮಾಲೀಕರನ್ನು ಕೇಳಿಯೇ ಕಾರ್ಡಿನ ಸಂಖ್ಯೆ ಹಾಕಿದ್ದ, ಆದರೆ ಕೆಲಸದ ಗದ್ದಲದಲ್ಲಿ ಇಬ್ಬರಿಗೂ ಅದು ನೆನಪಿನಿಂದ ಜಾರಿತ್ತು.

ಮನೆಯ ಎಲ್ಲ ಫೋನುಗಳನ್ನು ನೋಡುವುದು

ಸಾಲಿನ ಹೆಸರು ಹೊಳೆಯದಿದ್ದರೆ ಮುಂದಿನ ಹೆಜ್ಜೆ ಮನೆಯ ಫೋನುಗಳು. ಆಂಡ್ರಾಯ್ಡ್ ಫೋನಿನಲ್ಲಿ ಪ್ಲೇ ಸ್ಟೋರ್ ತೆರೆದು, ಮೇಲೆ ಬಲಗಡೆಯಲ್ಲಿರುವ ನಮ್ಮ ಚಿತ್ರ ಅಥವಾ ಹೆಸರಿನ ಅಕ್ಷರವನ್ನು ಒತ್ತಿ, 'ಪೇಮೆಂಟ್ಸ್ ಅಂಡ್ ಸಬ್‌ಸ್ಕ್ರಿಪ್ಷನ್ಸ್' ಎಂಬುದಕ್ಕೆ ಹೋದರೆ, ಅಲ್ಲಿ ಚಾಲ್ತಿಯಲ್ಲಿರುವ ಚಂದಾಗಳ ಪಟ್ಟಿಯೂ ಹಿಂದೆ ಹೋದ ಹಣದ ವಿವರವೂ ಸಿಗುತ್ತವೆ. ಪ್ರತಿ ಪಾವತಿಗೂ 'ಜಿಪಿಎ' ಎಂಬ ಅಕ್ಷರಗಳಿಂದ ಆರಂಭವಾಗುವ ಒಂದು ಆರ್ಡರ್ ಸಂಖ್ಯೆ ಇರುತ್ತದೆ, ಅದನ್ನು ಬರೆದಿಟ್ಟುಕೊಳ್ಳಬೇಕು. ಐಫೋನ್ ಆದರೆ ಸೆಟ್ಟಿಂಗ್ಸ್‌ನಲ್ಲಿ ಎಲ್ಲಕ್ಕಿಂತ ಮೇಲಿರುವ ನಮ್ಮ ಹೆಸರನ್ನು ಒತ್ತಿ 'ಸಬ್‌ಸ್ಕ್ರಿಪ್ಷನ್ಸ್' ನೋಡಬೇಕು.

ಇಲ್ಲಿ ಬಹಳ ಮಂದಿ ಎಡವುವ ಜಾಗವೊಂದಿದೆ. ಒಂದೇ ಫೋನಿನಲ್ಲಿ ಎರಡು ಮೂರು ಗೂಗಲ್ ಖಾತೆಗಳು ಇರುತ್ತವೆ: ಒಂದು ಅಂಗಡಿಯದು, ಒಂದು ಸ್ವಂತದ್ದು, ಇನ್ನೊಂದು ಮಕ್ಕಳ ಆನ್‌ಲೈನ್ ತರಗತಿಗೆಂದು ತೆರೆದದ್ದು. ಪಟ್ಟಿಯು ಆ ಹೊತ್ತಿಗೆ ಆಯ್ದುಕೊಂಡಿರುವ ಒಂದು ಖಾತೆಗೆ ಮಾತ್ರ ಸೇರಿರುತ್ತದೆ. "ನನ್ನ ಫೋನಿನಾಗ ಏನೂ ಇಲ್ರಿ" ಎಂದು ಹೇಳುವವರ ಫೋನಿನಲ್ಲಿಯೇ, ಖಾತೆ ಬದಲಿಸಿ ನೋಡಿದಾಗ ಆ ಚಂದಾ ಸಿಕ್ಕ ಉದಾಹರಣೆಗಳನ್ನು ನಾನು ಕಂಡಿದ್ದೇನೆ. ಆದ್ದರಿಂದ ಒಂದೊಂದೇ ಖಾತೆಯನ್ನು ಬದಲಿಸುತ್ತ ನೋಡಬೇಕು, ಬಳಿಕ ಅದೇ ಕೆಲಸವನ್ನು ಮನೆಯವರ ಫೋನಿನಲ್ಲಿ, ಮೂಲೆಗೆ ಬಿದ್ದಿರುವ ಹಳೆಯ ಟ್ಯಾಬ್ಲೆಟ್‌ನಲ್ಲಿ, ಗೋಡೆಯ ಮೇಲಿನ ಸ್ಮಾರ್ಟ್ ಟಿವಿಯಲ್ಲಿ ಮಾಡಬೇಕು. ಜೊತೆಗೆ ಇಮೇಲ್‌ನಲ್ಲಿ ಆ ಮೊತ್ತದ ಅಂಕಿಯನ್ನೇ ಹುಡುಕಿದರೆ ರಸೀದಿ ಸಿಗುವುದುಂಟು. ಹೆಸರಿನಿಂದ ಸಿಗದ ರಸೀದಿ ಅಂಕಿಯಿಂದ ಸಿಗುತ್ತದೆ ಎಂಬುದು ಲೆಕ್ಕ ಬರೆಯುವವರಿಗೆ ಅನುಭವದಿಂದ ಗೊತ್ತಿರುವ ಮಾತು.

ಮನೆಯವರನ್ನು ಕೇಳುವಾಗ ತಪ್ಪು ಹಿಡಿಯುವ ದನಿ ಇರಬಾರದೆಂದು ನಾನು ಒತ್ತಿ ಹೇಳುತ್ತೇನೆ. ಬೈಗುಳ ಬೀಳುತ್ತದೆಂಬ ಹೆದರಿಕೆಯಿಂದ ಮಗು "ನಾ ಒತ್ತಿಲ್ಲ" ಎಂದುಬಿಟ್ಟರೆ, ಮನೆಯೊಳಗಿನ ವಿಷಯ ಬ್ಯಾಂಕಿನಲ್ಲಿ ಕಳ್ಳತನದ ದೂರಾಗಿ ದಾಖಲಾಗುತ್ತದೆ, ಆಮೇಲೆ ಅದನ್ನು ಹಿಂತೆಗೆದುಕೊಳ್ಳುವುದು ಎಲ್ಲರಿಗೂ ಕಷ್ಟ.

ಬ್ಯಾಂಕಿಗೆ ಕೇಳಬೇಕಾದ ಒಂದು ಪ್ರಶ್ನೆ

ನಮ್ಮ ದೇಶದ ಕಾರ್ಡುಗಳ ಮೇಲೆ ಚಂದಾ ತಾನಾಗಿ ಕಡಿತವಾಗಬೇಕಾದರೆ ಅದಕ್ಕೆ ಇ-ಮ್ಯಾಂಡೇಟ್ ಎಂಬ ಒಪ್ಪಿಗೆ ಮೊದಲೇ ನೋಂದಣಿಯಾಗಿರಬೇಕು. ರಿಸರ್ವ್ ಬ್ಯಾಂಕು 2019ರಲ್ಲಿ ಈ ನಿಯಮ ತಂದಿತು, 2021ರ ಅಕ್ಟೋಬರ್ 1ರಿಂದ ಅದು ಕಟ್ಟುನಿಟ್ಟಾಗಿ ಜಾರಿಗೆ ಬಂತು. ನೋಂದಣಿಯ ಹೊತ್ತಿಗೆ ಓಟಿಪಿಯಂತಹ ಹೆಚ್ಚುವರಿ ದೃಢೀಕರಣ ಬೇಕೇ ಬೇಕು. ಅದಾದ ಮೇಲೆ ಒಂದು ಮಿತಿಯೊಳಗಿನ ಕಂತುಗಳಿಗೆ ಪ್ರತಿ ಸಲ ಓಟಿಪಿ ಕೇಳುವುದಿಲ್ಲ. ಆರಂಭದಲ್ಲಿ 2,000 ರೂಪಾಯಿ ಇದ್ದ ಈ ಮಿತಿಯನ್ನು 2021ರಲ್ಲಿ 5,000ಕ್ಕೂ 2022ರ ಜೂನ್‌ನಲ್ಲಿ 15,000ಕ್ಕೂ ಏರಿಸಲಾಯಿತು. "ಓಟಿಪಿ ಬರಲೇ ಇಲ್ಲ, ಹಣ ಹೇಗೆ ಹೋಯಿತು" ಎಂಬ ಪ್ರಶ್ನೆಗೆ ಹೆಚ್ಚಿನ ಸಲ ಉತ್ತರ ಇದೇ: ಓಟಿಪಿ ಬಂದದ್ದು ಒಪ್ಪಿಗೆಯ ದಿನ, ಹಣ ಹೋದದ್ದು ಎಷ್ಟೋ ದಿನಗಳ ಮೇಲೆ.

ಇದೇ ನಿಯಮದ ಪ್ರಕಾರ ಹಣ ಕಡಿತವಾಗುವ ಕನಿಷ್ಠ 24 ಗಂಟೆ ಮೊದಲು ಬ್ಯಾಂಕು ನಮಗೆ ಸೂಚನೆ ಕಳಿಸಬೇಕು. ಯಾರಿಗೆ, ಎಷ್ಟು, ಯಾವಾಗ ಹಣ ಹೋಗಲಿದೆ ಎಂಬುದು ಅದರಲ್ಲಿರಬೇಕು, ಆ ಕಂತನ್ನೋ ಇಡೀ ಒಪ್ಪಿಗೆಯನ್ನೋ ರದ್ದು ಮಾಡಿಕೊಳ್ಳುವ ದಾರಿಯೂ ಇರಬೇಕು. ನನ್ನ ಪ್ರಸಂಗದ ಬಳಿಕ ಹಳೆಯ ಎಸ್‌ಎಂಎಸ್‌ಗಳನ್ನು ಕೆದಕಿದಾಗ ಆ ಸೂಚನೆ ಅಲ್ಲಿಯೇ ಇತ್ತು. ಸೀರೆ ಅಂಗಡಿಯೊಂದರ ಆಷಾಢದ ರಿಯಾಯಿತಿಯ ಸಂದೇಶ ಮತ್ತು ಗ್ಯಾಸ್ ಬುಕಿಂಗ್ ಸಂದೇಶಗಳ ನಡುವೆ, ನನ್ನ ಕಾರ್ಡಿನ ಕೊನೆಯ ನಾಲ್ಕು ಅಂಕಿ, 1,950 ರೂಪಾಯಿ, ಮಾರನೆಯ ದಿನದ ತಾರೀಖು. ಅದನ್ನು ತೆರೆದು ಓದಿದ್ದರೆ ಹಣ ಉಳಿಯುತ್ತಿತ್ತು. ಅದಕ್ಕೂ ಮೊದಲಿನ ಓಟಿಪಿಯ ಸಂದೇಶವನ್ನು ಈಗ ನಿಧಾನವಾಗಿ ಓದಿದಾಗ, ಅದರಲ್ಲಿ ಅರ್ಜಿ ಶುಲ್ಕದ ಮಾತೇ ಇರಲಿಲ್ಲ, ಮ್ಯಾಂಡೇಟ್ ನೋಂದಣಿ ಎಂದೇ ಇತ್ತು. ಆರು ಅಂಕಿಗಳನ್ನಷ್ಟೇ ನೋಡಿ ಓದಿ ಹೇಳುವ ನಮ್ಮ ಅಭ್ಯಾಸವೇ ಇಲ್ಲಿ ಹಾನಿ ಮಾಡುತ್ತದೆ.

ಆದ್ದರಿಂದ ಬ್ಯಾಂಕಿಗೆ ಕರೆ ಮಾಡಿದಾಗ "ಈ ಹಣ ಯಾಕೆ ಹೋಯಿತು" ಎಂದು ಕೇಳುವ ಬದಲು, "ನನ್ನ ಕಾರ್ಡಿನ ಮೇಲೆ ಈ ಹೆಸರಿನಲ್ಲಿ ಇ-ಮ್ಯಾಂಡೇಟ್ ನೋಂದಣಿಯಾಗಿದೆಯೇ, ಆಗಿದ್ದರೆ ಯಾವ ದಿನ ಆಗಿದೆ, ಗರಿಷ್ಠ ಎಷ್ಟು ಮೊತ್ತಕ್ಕೆ ಆಗಿದೆ" ಎಂದು ಕೇಳಬೇಕು. ಮೊದಲ ಪ್ರಶ್ನೆಗೆ ಬರುವುದು ಸಾಂತ್ವನದ ಮಾತು, ಎರಡನೆಯದಕ್ಕೆ ಬರುವುದು ತಾರೀಖು. ಆ ತಾರೀಖು ಸಿಕ್ಕರೆ ಅಂದು ನಾವು ಎಲ್ಲಿದ್ದೆವು, ಯಾರು ಫೋನ್ ಹಿಡಿದಿದ್ದರು ಎಂಬುದು ನೆನಪಾಗುತ್ತದೆ. ನೋಂದಣಿಯೇ ಇಲ್ಲವೆಂದು ಬ್ಯಾಂಕು ಹೇಳಿದರೆ, ಮನೆಯಲ್ಲಿಯೂ ಯಾರಿಗೂ ಅದು ತಿಳಿಯದಿದ್ದರೆ, ವಿಷಯ ಗಂಭೀರವೆಂದು ಅರ್ಥ. ಬ್ಯಾಂಕಿನ ಆ್ಯಪ್‌ನಲ್ಲಿ 'ಇ-ಮ್ಯಾಂಡೇಟ್', 'ಆಟೋಪೇ' ಅಥವಾ 'ಸ್ಟ್ಯಾಂಡಿಂಗ್ ಇನ್‌ಸ್ಟ್ರಕ್ಷನ್' ಎಂಬ ಹೆಸರಿನ ಜಾಗದಲ್ಲಿ ಈ ಪಟ್ಟಿಯನ್ನು ನಾವೇ ನೋಡಿ ಅಲ್ಲಿಂದಲೇ ರದ್ದು ಮಾಡುವ ಸೌಲಭ್ಯವೂ ಇರುತ್ತದೆ. ಹಣ ಹೋದದ್ದು ಕಾರ್ಡಿನಿಂದಲ್ಲದೆ ಯುಪಿಐನಿಂದ ಆಗಿದ್ದರೆ ಫೋನ್‌ಪೇ, ಗೂಗಲ್ ಪೇ ಮುಂತಾದ ಆ್ಯಪ್‌ನೊಳಗಿನ ಆಟೋಪೇ ಪಟ್ಟಿಯನ್ನು ನೋಡಬೇಕು.

ಬ್ಯಾಂಕಿನ ಸಂಖ್ಯೆಯನ್ನು ಅಂತರ್ಜಾಲದಲ್ಲಿ ಹುಡುಕಿ ಕರೆ ಮಾಡಲೇಬಾರದು. ಕಾರ್ಡಿನ ಹಿಂಬದಿಯಲ್ಲಿ ಅಚ್ಚಾಗಿರುವ ಸಂಖ್ಯೆಗೇ ಕರೆ ಮಾಡಬೇಕು. ನಮ್ಮ ಭಾಗದಲ್ಲಿ ಬ್ಯಾಂಕುಗಳ ವಿಲೀನದಿಂದ ಹಳೆಯ ಪಾಸ್‌ಪುಸ್ತಕದ ಸಂಖ್ಯೆಗಳು ನಿರುಪಯುಕ್ತವಾಗಿವೆ: ವಿಜಯಾ ಬ್ಯಾಂಕು 2019ರಲ್ಲಿ, ಸಿಂಡಿಕೇಟ್ ಮತ್ತು ಕಾರ್ಪೊರೇಷನ್ ಬ್ಯಾಂಕುಗಳು 2020ರಲ್ಲಿ, ಧಾರವಾಡದಲ್ಲಿ ಪ್ರಧಾನ ಕಚೇರಿಯಿದ್ದ ಕರ್ನಾಟಕ ವಿಕಾಸ ಗ್ರಾಮೀಣ ಬ್ಯಾಂಕು 2025ರಲ್ಲಿ ಬೇರೆ ಹೆಸರುಗಳಲ್ಲಿ ಸೇರಿಕೊಂಡವು. ಹಳೆಯ ಸಂಖ್ಯೆ ಹತ್ತದೆ ಹೋದಾಗಲೇ ಜನ ಅಂತರ್ಜಾಲಕ್ಕೆ ಹೋಗಿ, ಅಲ್ಲಿ ಗ್ರಾಹಕ ಸೇವೆಯ ಹೆಸರಿನಲ್ಲಿ ಕುಳಿತಿರುವ ವಂಚಕರ ಕೈಗೆ ಸಿಗುತ್ತಾರೆ. ಚಂದಾ ರದ್ದು ಮಾಡಲು ಓಟಿಪಿ ಹೇಳಿರೆಂದೋ, ಫೋನಿನ ಪರದೆ ತೋರಿಸುವ ಆ್ಯಪ್ ಹಾಕಿಕೊಳ್ಳಿರೆಂದೋ ಯಾರಾದರೂ ಹೇಳಿದರೆ ಆ ಕ್ಷಣವೇ ಕರೆ ಕಡಿಯಬೇಕು.

ನಮ್ಮದೇ ಚಂದಾ ಎಂದು ಗೊತ್ತಾದ ಮೇಲೆ

ಮೊದಲು ರದ್ದು, ಆಮೇಲೆ ಮರುಪಾವತಿಯ ಮಾತು. ಪ್ಲೇ ಸ್ಟೋರ್‌ನ ಪಟ್ಟಿಯಲ್ಲಿ ಆ ಚಂದಾವನ್ನು ಒತ್ತಿ 'ಕ್ಯಾನ್ಸಲ್ ಸಬ್‌ಸ್ಕ್ರಿಪ್ಷನ್' ಎಂಬುದನ್ನು ಕೊನೆಯವರೆಗೂ ಒತ್ತಬೇಕು. ನಡುವೆ ಕಾರಣ ಕೇಳುವ ಪರದೆ ಬರುತ್ತದೆ, ಅದನ್ನು ದಾಟದೆ ಹಿಂದಿರುಗಿದರೆ ರದ್ದಾಗುವುದಿಲ್ಲ. ರದ್ದಾದ ಮೇಲೆ ಮುಕ್ತಾಯದ ತಾರೀಖು ತೋರುವ ಪರದೆಯ ಚಿತ್ರವನ್ನೂ ಬಂದ ಇಮೇಲನ್ನೂ ತೆಗೆದಿಡಬೇಕು. ಮುಂದಿನ ತಿಂಗಳು ಮತ್ತೆ ಹಣ ಹೋದರೆ ನಮ್ಮ ಕೈಯಲ್ಲಿರುವ ದಾಖಲೆ ಅದೊಂದೇ. ಆ್ಯಪ್ ಕಂಪನಿಯ ಸ್ವಂತ ತಾಣದಲ್ಲಿ ಕಾರ್ಡು ಹಾಕಿದ್ದರೆ ಪ್ಲೇ ಸ್ಟೋರ್‌ನಲ್ಲಿ ಅದು ಕಾಣುವುದಿಲ್ಲ, ಆ ತಾಣದಲ್ಲಿ ಲಾಗಿನ್ ಆಗಿಯೇ ರದ್ದು ಮಾಡಬೇಕು. ಗದಗಿನ ಮುದ್ರಣಾಲಯದವರದು ಹೀಗೆಯೇ ಇತ್ತು.

ಮರುಪಾವತಿಗೆ ಹೊತ್ತು ಮುಖ್ಯ. ಗೂಗಲ್ ಪ್ಲೇ ಮೂಲಕ ಹೋದ ಹಣಕ್ಕೆ 48 ಗಂಟೆಯೊಳಗೆ ಗೂಗಲ್‌ಗೇ ವಿನಂತಿ ಸಲ್ಲಿಸಿದರೆ, ಖರೀದಿಯ ವಿವರ ನೋಡಿ ಅದು ಹಣ ಮರಳಿಸಬಹುದು. ಆ ಅವಧಿ ದಾಟಿದರೆ ಸಾಮಾನ್ಯವಾಗಿ ಆ್ಯಪ್ ತಯಾರಿಸಿದವರನ್ನು ಕೇಳಬೇಕಾಗುತ್ತದೆ. ಅಪರಿಚಿತರು ನಮ್ಮ ಖಾತೆಯಿಂದ ಖರೀದಿಸಿದ್ದರೆ ಗೂಗಲ್‌ಗೆ ತಿಳಿಸಲು 120 ದಿನಗಳ ಅವಕಾಶವಿದೆ. ಐಫೋನಿನವರು ಆ್ಯಪಲ್‌ನ 'ರಿಪೋರ್ಟ್ ಎ ಪ್ರಾಬ್ಲಮ್' ಪುಟದಲ್ಲಿ ಕೇಳಬೇಕು. ವಿನಂತಿಯಲ್ಲಿ ಕೋಪದ ಮಾತು ಬೇಡ. ಪುಕ್ಕಟೆ ಅವಧಿ ಯಾವಾಗ ಆರಂಭವಾಯಿತು, ಆ್ಯಪನ್ನು ಎಂದಿನಿಂದ ಬಳಸಿಲ್ಲ, ಹಣ ಎಂದು ಹೋಯಿತು ಎಂಬ ಮೂರು ತಾರೀಖು ಮತ್ತು ಆರ್ಡರ್ ಸಂಖ್ಯೆ ಇದ್ದರೆ ಸಾಕು. ನನ್ನ ಮಗಳ ಆ್ಯಪಿನ ಹಣ, ಕಂಪನಿಗೆ ಎರಡು ಸಲ ಬರೆದ ಮೇಲೆ, ಹದಿನೇಳನೆಯ ದಿನ ಕಾರ್ಡಿಗೆ ಮರಳಿತು.

ರದ್ದು ಮಾಡುವ ದಾರಿಯನ್ನೇ ಬಚ್ಚಿಟ್ಟು ಸತಾಯಿಸುವ ಕಂಪನಿಗಳ ವಿಷಯದಲ್ಲಿ ಸುಮ್ಮನಿರಬಾರದು. ಕೇಂದ್ರ ಗ್ರಾಹಕ ಸಂರಕ್ಷಣಾ ಪ್ರಾಧಿಕಾರವು 2023ರ ನವೆಂಬರ್ 30ರಂದು ಹೊರಡಿಸಿದ ಮಾರ್ಗಸೂಚಿಯಲ್ಲಿ ಗ್ರಾಹಕರನ್ನು ದಾರಿತಪ್ಪಿಸುವ 13 ಬಗೆಯ ವಿನ್ಯಾಸಗಳನ್ನು ಹೆಸರಿಸಿ ನಿಷೇಧಿಸಿದೆ, ಅವುಗಳಲ್ಲಿ ಚಂದಾ ಬಲೆಯೂ ಒಂದು. ರದ್ದು ಮಾಡುವ ಆಯ್ಕೆಯನ್ನು ಮರೆಮಾಚುವುದು ಮಾತ್ರವಲ್ಲ, ಪುಕ್ಕಟೆ ಚಂದಾ ಕೊಡಲು ಕಾರ್ಡಿನ ವಿವರವನ್ನೋ ತಾನಾಗಿ ಹಣ ಕಡಿಯುವ ಒಪ್ಪಿಗೆಯನ್ನೋ ಬಲವಂತವಾಗಿ ಪಡೆಯುವುದೂ ಅದರಲ್ಲಿ ಸೇರಿದೆ. ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915ಕ್ಕೆ ಕರೆ ಮಾಡಿ ಕನ್ನಡದಲ್ಲಿಯೇ ದೂರು ದಾಖಲಿಸಬಹುದು.

ರದ್ದು ಮಾಡಿದ ಬಳಿಕವೂ ಹಣ ಹೋದರೆ ಬ್ಯಾಂಕಿನಲ್ಲಿ ತಕರಾರು ಅರ್ಜಿ ಸಲ್ಲಿಸಬೇಕು. ಆಗ ಕಾರಣವನ್ನು 'ರದ್ದು ಮಾಡಿದ ಚಂದಾಕ್ಕೆ ಹಣ ಕಡಿತ' ಎಂದೇ ಬರೆಯಬೇಕು. ಬೇಗ ಕೆಲಸವಾಗಲೆಂದು 'ವಂಚನೆ' ಎಂದು ಬರೆಯುವುದು ತಪ್ಪು. ನಮ್ಮ ಓಟಿಪಿಯಿಂದಲೇ ನೋಂದಣಿಯಾದದ್ದು ಬ್ಯಾಂಕಿನ ದಾಖಲೆಯಲ್ಲಿ ಇರುತ್ತದೆ, ಅರ್ಜಿ ಬಿದ್ದುಹೋಗುತ್ತದೆ, ನಿಜವಾಗಿ ನ್ಯಾಯವಿದ್ದ ನಮ್ಮ ಮಾತೂ ಸುಳ್ಳಾಗಿ ಕಾಣುತ್ತದೆ. ಕ್ರೆಡಿಟ್ ಕಾರ್ಡಾದರೆ ತಕರಾರಿನ ನೆಪದಲ್ಲಿ ಇಡೀ ಬಿಲ್ಲನ್ನು ತಡೆಹಿಡಿಯಬಾರದು, ಉಳಿದ ಮೊತ್ತದ ಮೇಲೆ ಬಡ್ಡಿ ಏರುತ್ತದೆ. ಬಿಲ್ಲಿನ ಬಗ್ಗೆ ಆಕ್ಷೇಪವೆತ್ತಿದ ಗ್ರಾಹಕರಿಗೆ 30 ದಿನಗಳೊಳಗೆ ವಿವರಣೆಯನ್ನೂ, ಅನ್ವಯವಾಗುವಲ್ಲಿ ದಾಖಲೆಯನ್ನೂ ಕೊಡಬೇಕೆಂದು ರಿಸರ್ವ್ ಬ್ಯಾಂಕ್ ನಿರ್ದೇಶನ ಹೇಳುತ್ತದೆ.

ಅಪರಿಚಿತರ ಕೈವಾಡವಾದರೆ

ಬ್ಯಾಡಗಿಯ ಮೆಣಸಿನಕಾಯಿ ವರ್ತಕರೊಬ್ಬರ ಲೆಕ್ಕವನ್ನೂ ನಾನು ಬರೆಯುತ್ತೇನೆ. ಸುಗ್ಗಿಯ ಹೊತ್ತಿನಲ್ಲಿ ಅವರಿಗೆ ಫೋನ್ ನೋಡಲು ಪುರಸೊತ್ತಿರುವುದಿಲ್ಲ. ಒಂದು ಶುಕ್ರವಾರ ರಾತ್ರಿ ಅವರ ಡೆಬಿಟ್ ಕಾರ್ಡಿನಿಂದ ಅರ್ಧ ಗಂಟೆಯಲ್ಲಿ ನಾಲ್ಕು ಸಲ, ಕೇಳಿರದ ಆಟದ ಆ್ಯಪ್ ಒಂದಕ್ಕೆ ಡಾಲರ್‌ನಲ್ಲಿ ಹಣ ಹೋಯಿತು. ಸೋಮವಾರ ಬೆಳಿಗ್ಗೆ ಕರೆ ಮಾಡಿ, "ದಿವಾನಜಿ, ಇವು ಏನೂ ಅಂತ ತಿಳೀವಲ್ವು ನೋಡ್ರಿ" ಎಂದರು. ಮನೆಯಲ್ಲಿ ಆ ಕಾರ್ಡನ್ನು ಇನ್ನಾರೂ ಮುಟ್ಟಿಲ್ಲವೆಂದು, ಯಾವ ಓಟಿಪಿಯೂ ಬಂದಿಲ್ಲವೆಂದು ಖಚಿತವಾದೊಡನೆ ನಾನು ಹೇಳಿದ್ದು ಇಷ್ಟೇ: "ಸಾಹುಕಾರ್ರ, ಮೊದಲ ಕಾರ್ಡ್ ಬಂದ್ ಮಾಡಸ್ರಿ, ಉಳಿದದ್ದು ಆಮ್ಯಾಲ ಮಾತಾಡೂಣು." ಪರದೇಶದ ವ್ಯಾಪಾರಿಗಳ ತಾಣಗಳಲ್ಲಿ ಓಟಿಪಿ ಇಲ್ಲದೆಯೂ ಕಾರ್ಡಿನ ಸಂಖ್ಯೆ ಮತ್ತು ಹಿಂಬದಿಯ ಮೂರು ಅಂಕಿಗಳಿಂದ ಹಣ ಹೋಗಬಲ್ಲುದೆಂಬುದನ್ನು ನಮ್ಮ ಬಹಳ ಮಂದಿ ನಂಬುವುದೇ ಇಲ್ಲ.

ಇಲ್ಲಿ ದಿನಗಳ ಲೆಕ್ಕ ಹಣದ ಲೆಕ್ಕಕ್ಕಿಂತ ಮುಖ್ಯ. ರಿಸರ್ವ್ ಬ್ಯಾಂಕಿನ 2017ರ ಜುಲೈ 6ರ ಸುತ್ತೋಲೆಯಂತೆ, ಗ್ರಾಹಕರದೂ ಬ್ಯಾಂಕಿನದೂ ತಪ್ಪಿಲ್ಲದೆ ಮೂರನೆಯವರಿಂದ ಆದ ವಂಚನೆಯನ್ನು ಬ್ಯಾಂಕಿನ ಸಂದೇಶ ತಲುಪಿದ ಮೂರು ಕೆಲಸದ ದಿನಗಳೊಳಗೆ ತಿಳಿಸಿದರೆ ಗ್ರಾಹಕರಿಗೆ ಯಾವ ಹೊಣೆಯೂ ಇಲ್ಲ. ನಾಲ್ಕರಿಂದ ಏಳು ದಿನಗಳೊಳಗೆ ತಿಳಿಸಿದರೆ ಹೊಣೆಗೆ ಮಿತಿಯಿದೆ: ಸಾಮಾನ್ಯ ಉಳಿತಾಯ ಖಾತೆಗೆ ಗರಿಷ್ಠ 10,000 ರೂಪಾಯಿ, ಕನಿಷ್ಠ ಶಿಲ್ಕು ಇಡಬೇಕಿಲ್ಲದ ಮೂಲಭೂತ ಉಳಿತಾಯ ಖಾತೆಗೆ 5,000. ಏಳು ದಿನ ದಾಟಿದರೆ ಆಯಾ ಬ್ಯಾಂಕಿನ ಆಡಳಿತ ಮಂಡಳಿಯ ನೀತಿಯೇ ಗತಿ. ಸಂದೇಶ ಬಂದ ದಿನವನ್ನು ಬಿಟ್ಟು, ನಮ್ಮ ಶಾಖೆಯ ಕೆಲಸದ ದಿನಗಳನ್ನು ಎಣಿಸಬೇಕು. ವರ್ತಕರಿಗೆ ಸಂದೇಶ ಬಂದದ್ದು ಶುಕ್ರವಾರ, ಶನಿವಾರವು ತಿಂಗಳ ಎರಡನೆಯದಾಗಿ ರಜೆಯಿತ್ತು, ಆದ್ದರಿಂದ ಸೋಮವಾರವೇ ಅವರಿಗೆ ಮೊದಲನೆಯ ದಿನವಾಯಿತು. ತಿಳಿಸಿದ ಹತ್ತು ಕೆಲಸದ ದಿನಗಳೊಳಗೆ ಬ್ಯಾಂಕು ಆ ಮೊತ್ತವನ್ನು ತಾತ್ಕಾಲಿಕವಾಗಿ ಖಾತೆಗೆ ಜಮಾ ಮಾಡಬೇಕು, 90 ದಿನಗಳೊಳಗೆ ದೂರನ್ನು ಇತ್ಯರ್ಥಗೊಳಿಸಬೇಕು. ಗ್ರಾಹಕರದೇ ತಪ್ಪೆಂದು ಸಾಧಿಸುವ ಹೊರೆ ಬ್ಯಾಂಕಿನ ಮೇಲಿದೆ. ಆದರೆ ಓಟಿಪಿಯನ್ನು ನಾವೇ ಬೇರೆಯವರಿಗೆ ಹೇಳಿದ್ದರೆ, ಬ್ಯಾಂಕಿಗೆ ತಿಳಿಸುವವರೆಗಿನ ನಷ್ಟ ನಮ್ಮದೇ. ಸಹಕಾರಿ ಬ್ಯಾಂಕುಗಳಿಗೂ ಅದೇ ವರ್ಷದ ಡಿಸೆಂಬರ್‌ನಲ್ಲಿ ಇಂತಹದೇ ಸುತ್ತೋಲೆ ಬಂದಿದೆ.

ಫೋನಿನಲ್ಲಿ ಹೇಳಿದ್ದಕ್ಕೆ ದೂರಿನ ಸಂಖ್ಯೆ ಪಡೆದು, ಅದೇ ದಿನ ಶಾಖೆಗೆ ಲಿಖಿತವಾಗಿಯೂ ಕೊಟ್ಟು, ಪ್ರತಿಯ ಮೇಲೆ ಸಿಕ್ಕೆ ಮತ್ತು ತಾರೀಖು ಹಾಕಿಸಿಕೊಳ್ಳಬೇಕು. ವರ್ತಕರಿಗೆ ನಾನು ಬರೆದುಕೊಟ್ಟ ಮಾತು ಹೀಗಿತ್ತು: "ನನ್ನ ಡೆಬಿಟ್ ಕಾರ್ಡಿನಿಂದ (ಕೊನೆಯ ನಾಲ್ಕು ಅಂಕಿ ಇಂತಿಷ್ಟು) ಇಂತಹ ತಾರೀಖಿನಂದು ನಾಲ್ಕು ಬಾರಿ, ಕೆಳಗೆ ನಮೂದಿಸಿದ ಮೊತ್ತಗಳು ನನ್ನ ಅನುಮತಿಯಿಲ್ಲದೆ ಕಡಿತವಾಗಿವೆ. ನಾನಾಗಲಿ ನನ್ನ ಕುಟುಂಬದವರಾಗಲಿ ಈ ವಹಿವಾಟು ನಡೆಸಿಲ್ಲ, ಓಟಿಪಿಯನ್ನು ಯಾರಿಗೂ ತಿಳಿಸಿಲ್ಲ, ಕಾರ್ಡು ನನ್ನ ಬಳಿಯೇ ಇದೆ. ಇಂದು ಕಾರ್ಡನ್ನು ಸ್ಥಗಿತಗೊಳಿಸಿದ್ದೇನೆ, ದೂರಿನ ಸಂಖ್ಯೆ ಇಂತಿಷ್ಟು. ರಿಸರ್ವ್ ಬ್ಯಾಂಕಿನ ನಿಯಮದಂತೆ ಹತ್ತು ಕೆಲಸದ ದಿನಗಳೊಳಗೆ ಮೊತ್ತವನ್ನು ಜಮಾ ಮಾಡಬೇಕಾಗಿ ವಿನಂತಿ." ಎಂಟನೆಯ ಕೆಲಸದ ದಿನ ಹಣ ಜಮಾ ಆಯಿತು. ಇದರ ಜೊತೆಗೆ 1930ಕ್ಕೆ ಕರೆ ಮಾಡಿ ಸೈಬರ್ ಅಪರಾಧದ ದೂರನ್ನೂ ದಾಖಲಿಸಬೇಕು. ಹುಬ್ಬಳ್ಳಿ-ಧಾರವಾಡ, ಗದಗ, ಹಾವೇರಿಗಳಲ್ಲಿ ಇಂತಹ ದೂರುಗಳನ್ನು ವಿಚಾರಿಸುವ ಸಿಇಎನ್ (ಸೈಬರ್, ಆರ್ಥಿಕ, ಮಾದಕವಸ್ತು ಅಪರಾಧಗಳ) ಪೊಲೀಸ್ ಠಾಣೆಗಳಿವೆ.

ಬ್ಯಾಂಕು 30 ದಿನಗಳಲ್ಲಿ ಉತ್ತರ ಕೊಡದಿದ್ದರೆ, ಅಥವಾ ಕೊಟ್ಟ ಉತ್ತರ ಸರಿಯೆನಿಸದಿದ್ದರೆ, ಬ್ಯಾಂಕುಗಳ ವಿರುದ್ಧದ ದೂರು ವಿಚಾರಿಸುವ ರಿಸರ್ವ್ ಬ್ಯಾಂಕಿನ ಅಧಿಕಾರಿಯಾದ ಒಂಬುಡ್ಸ್‌ಮನ್‌ಗೆ, ಸಿಎಂಎಸ್ ಎಂಬ ಅದರ ದೂರು ತಾಣದ ಮೂಲಕ ದೂರು ಕೊಡಬಹುದು. ಇದಕ್ಕೆ ಶುಲ್ಕವಿಲ್ಲ, ವಕೀಲರೂ ಬೇಕಿಲ್ಲ, 14448ಕ್ಕೆ ಕರೆ ಮಾಡಿದರೆ ಕನ್ನಡದಲ್ಲಿ ಮಾಹಿತಿ ಸಿಗುತ್ತದೆ. ಶಾಖೆಯ ಸಿಕ್ಕೆಯಿರುವ ಪ್ರತಿ ಕೆಲಸಕ್ಕೆ ಬರುವುದು ಇಲ್ಲಿಯೇ.

ಹೊಸ ಕಾರ್ಡು ಬಂದ ಮೇಲೆ ಎರಡು ಕೆಲಸ ಉಳಿಯುತ್ತವೆ. ಬ್ಯಾಂಕಿನ ಆ್ಯಪ್‌ನಲ್ಲಿ ಅಂತರರಾಷ್ಟ್ರೀಯ ಬಳಕೆಯನ್ನು ಬಂದ್ ಮಾಡಿಡುವುದು ಒಂದು. 2020ರ ಅಕ್ಟೋಬರ್‌ನಿಂದ ಈ ಗುಂಡಿಯನ್ನು ದಿನದ ಯಾವ ಹೊತ್ತಿನಲ್ಲಾದರೂ ಗ್ರಾಹಕರೇ ತೆರೆದು ಮುಚ್ಚುವಂತೆ ಎಲ್ಲ ಬ್ಯಾಂಕುಗಳೂ ಕೊಡಬೇಕಾಗಿದೆ. ಇನ್ನೊಂದು, ಪ್ಲೇ ಸ್ಟೋರ್‌ನ ಪಾವತಿ ವಿಧಾನಗಳ ಪಟ್ಟಿಯನ್ನು ತೆರೆದು, ಒಂದು ಕಾರ್ಡು ನಡೆಯದಿದ್ದರೆ ಬಳಸಲೆಂದು ಬದಲಿಯಾಗಿ ಸೇರಿಸಿಟ್ಟಿರುವ ಬೇರೆ ಕಾರ್ಡೋ ಯುಪಿಐ ವಿಳಾಸವೋ ಇದ್ದರೆ ತೆಗೆಯುವುದು. ಹಳೆಯ ಕಾರ್ಡು ಸತ್ತ ಮೇಲೂ ರದ್ದಾಗದ ಚಂದಾ ಆ ಬದಲಿ ದಾರಿಯಿಂದ ಹಣ ಎಳೆದುಕೊಳ್ಳಬಲ್ಲುದು. ನಾನು ಮಗಳ ಫೋನಿನಲ್ಲಿ ಮೊನ್ನೆ ನೋಡಿದಾಗ ಅಲ್ಲಿ ನನ್ನ ಇನ್ನೊಂದು ಕಾರ್ಡು ಇನ್ನೂ ಇತ್ತು, ಅದನ್ನು ಅವಳ ಎದುರಿಗೇ ತೆಗೆದು, ಅವಳದೇ ಇಮೇಲ್‌ನಿಂದ ಫೋನನ್ನು ಹೊಸದಾಗಿ ಚಾಲೂ ಮಾಡಿಕೊಟ್ಟೆ.